ನಟನೆ ಎಂದು ಬರೆದ ಕಾಗದ

ನನ್ನ ಅಪ್ಪ ಹೇಲುಗುಂಡಿಗೆ ಇಳಿಯುತ್ತಿದ್ದ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಶಿಕಾರಿಪುರದ ಕಾಲೇಜಿನಲ್ಲಿ ಎರಡು ವರ್ಷ ನಾನು ಇದನ್ನು ಯಾರಿಗೂ ಹೇಳಿರಲಿಲ್ಲ. ಅಪ್ಪ ಟ್ರ್ಯಾಕ್ಟರ್ ಓಡಿಸುತ್ತಾನೆ ಎನ್ನುತ್ತಿದ್ದೆ. ಟ್ರ್ಯಾಕ್ಟರ್ ಓಡಿಸುತ್ತಿದ್ದವನು ರವಿ ಚಿಕ್ಕಪ್ಪ. ಅಪ್ಪ ಹಿಂದೆ ಟ್ಯಾಂಕರಿನ ಮೇಲೆ, ಸುತ್ತಿಟ್ಟ ಪೈಪಿನ ಪಕ್ಕ ಕೂರುತ್ತಿದ್ದ.

ಟ್ಯಾಂಕರ್ ಬೆನಕಪ್ಪನದು. ಶಿರಾಳಕೊಪ್ಪದ ಸುತ್ತಮುತ್ತ, ಸೊರಬದ ಕಡೆಗೂ, ಯಾರ ಗುಂಡಿ ತುಂಬಿದರೂ ಅವನಿಗೇ ಫೋನ್. ಟ್ಯಾಂಕರಿನ ಬೆನ್ನಿಗೆ ‘ಯಂತ್ರದ ಮೂಲಕ ಮಾತ್ರ’ ಎಂದು ಕೆಂಪು ಅಕ್ಷರದಲ್ಲಿ ಬರೆಸಿದ್ದ. ಯಂತ್ರ ನೀರನ್ನು ಎಳೆಯುತ್ತದೆ. ತಳದಲ್ಲಿ ವರ್ಷಗಟ್ಟಲೆ ಕೂತು ಗಟ್ಟಿಯಾದದ್ದನ್ನು ಎಳೆಯುವುದಿಲ್ಲ. ಅದಕ್ಕೆ ಅಪ್ಪ ಬೇಕಾಗಿತ್ತು.

ಅಪ್ಪ ಚಡ್ಡಿಯೊಂದನ್ನು ಬಿಟ್ಟು ಎಲ್ಲ ಕಳಚುತ್ತಿದ್ದ. ಕುತ್ತಿಗೆಯಿಂದ ಪಾದದವರೆಗೆ ಕೊಬ್ಬರಿ ಎಣ್ಣೆ ಬಳಿದುಕೊಳ್ಳುತ್ತಿದ್ದ. ಒಂದು ಪಾಕೀಟು ಸಾರಾಯಿಯನ್ನು ಒಂದೇ ಉಸಿರಿಗೆ ಕುಡಿಯುತ್ತಿದ್ದ. ಕುಡಿಯದೆ ಯಾರೂ ಅದರೊಳಗೆ ಇಳಿಯಲಾರರು. ಸೊಂಟಕ್ಕೆ ಹಗ್ಗ. ಎದೆಮಟ್ಟ ನಿಂತು ಬಕೀಟಿಗೆ ಕೈಯಲ್ಲೇ ತುಂಬುವುದು, ಮೇಲಿಂದ ರವಿ ಚಿಕ್ಕಪ್ಪ ಎಳೆಯುವುದು. ಒಳಗೆ ಬ್ಲೇಡು ಇರುತ್ತಿತ್ತು. ಬಾಟಲಿ ಚೂರು, ಮುಟ್ಟಿನ ಬಟ್ಟೆ, ಸತ್ತ ಇಲಿ. ಅಪ್ಪನ ಪಾದದಲ್ಲಿ ಒಣಗಿದ ಗಾಯಕ್ಕಿಂತ ಹಸಿ ಗಾಯವೇ ಹೆಚ್ಚು. ಎರಡು ಸಲ ಕಾಮಾಲೆ ಬಂದು ಬದುಕಿದ್ದ.

ಮನೆಗೆ ಬಂದರೆ ಒಳಗೆ ಬರುತ್ತಿರಲಿಲ್ಲ. ಹಿತ್ತಿಲ ಕಲ್ಲಿನ ಮೇಲೆ ಕೂರುತ್ತಿದ್ದ. ನನ್ನ ಅವ್ವ ಹನುಮಮ್ಮ ಬಟ್ಟೆ ಸೋಪಿನ ಪುಡಿ ಹಾಕಿ ಅವನ ಮೈ ಉಜ್ಜುತ್ತಿದ್ದಳು. ಪಿನ್ನಿನಿಂದ ಉಗುರಿನ ಸಂದಿ ಕೆರೆಯುತ್ತಿದ್ದಳು. ಅಷ್ಟಾದರೂ ಎರಡು ದಿನ ಕೈ ನಾರುತ್ತಿತ್ತು. ಆ ಎರಡು ದಿನ ಅಪ್ಪ ಚಮಚದಲ್ಲಿ ಉಣ್ಣುತ್ತಿದ್ದ. ಚಮಚ ಅವನ ಕೈಗೆ ಬಗ್ಗುತ್ತಿರಲಿಲ್ಲ. ಅರ್ಧ ಅನ್ನ ಲುಂಗಿಯ ಮೇಲೆ ಬೀಳುತ್ತಿತ್ತು.

ನಮ್ಮ ಕಾಲೋನಿ ಶಿರಾಳಕೊಪ್ಪದಿಂದ ಸೊರಬದ ರಸ್ತೆಯಲ್ಲಿ ಎರಡು ಮೈಲಿ. ಹದಿನೇಳು ಮನೆ. ಹೋದ ದೀಪಾವಳಿ ಮುಗಿದ ಮೇಲೆ ಬೆಂಗಳೂರಿನಿಂದ ಇಬ್ಬರು ಅಲ್ಲಿಗೆ ಬಂದರು. ಮೇಘನಾ ಮೇಡಂ ಸಿನಿಮಾ ಮಾಡುವವರು. ಅರುಣ ಎನ್ನುವವರು ಕ್ಯಾಮೆರಾ ಹಿಡಿಯುವವರು. ಗುಂಡಿ ಬಳಿಯುವವರ ಬಗ್ಗೆ ಚಿತ್ರ ಮಾಡುತ್ತೇವೆ, ಇದರಲ್ಲಿ ಹೀರೋ ಇಲ್ಲ, ಹಾಡು ಇಲ್ಲ, ಯಾರೂ ನಟಿಸುವುದಿಲ್ಲ ಎಂದರು.

“ನೀವು ಏನೂ ಮಾಡೋದು ಬೇಡ. ದಿನಾ ಹೇಗಿರ್ತೀರೋ ಹಾಗೇ ಇರಿ. ನಾವು ಇಲ್ಲಿ ಇಲ್ಲ ಅಂದ್ಕೊಳ್ಳಿ,” ಎಂದರು ಮೇಡಂ.

“ಕಣ್ಮುಂದೇ ಕುಂತಿರ್ತೀರಲ್ರೀ. ಇಲ್ಲ ಅಂತ ಹೆಂಗೆ ಅನ್ಕಳದು?” ಎಂದಳು ಅವ್ವ.

“ಹದಿನೈದು ದಿನ ಕಷ್ಟ. ಆಮೇಲೆ ಮರೆತುಹೋಗುತ್ತೆ.”

“ನಾನು ರೊಟ್ಟಿ ತಟ್ಟದು, ಇವ್ರು ಹೇಲು ಬಳಿಯದು. ಇದನ್ನ ಯಾರು ಕುಂತು ನೋಡ್ತಾರೆ?”

ಮೇಡಂ ಅಪ್ಪನ ಕಡೆ ತಿರುಗಿ, “ಗುತ್ಯಪ್ಪನವರೇ, ನಿಮಗೆ ಒಪ್ಪಿಗೇನಾ?” ಎಂದರು. ಅಪ್ಪ ಹಿಂದೆ ತಿರುಗಿ ನೋಡಿದ. ಬೇರೆ ಯಾರನ್ನೋ ಕರೆಯುತ್ತಿದ್ದಾರೆ ಅಂದುಕೊಂಡ. ಅವನು ಊರಿಗೆಲ್ಲ ಗುತ್ಯಾ. ಗುತ್ಯಪ್ಪ ಎಂದು ಪೂರ್ತಿ ಕರೆದವರೇ ಕಡಿಮೆ. ಅಪ್ಪ ಒಪ್ಪಿದ.

ಬೆನಕಪ್ಪನೂ ಒಪ್ಪಿದ. ಟ್ಯಾಂಕರಿಗೆ ಪ್ರಚಾರ ಸಿಗುತ್ತದೆ ಎಂದು ಅವನ ಲೆಕ್ಕ. “ನಂಬರು ಕಾಣಂಗೆ ತೆಗೀರಿ,” ಎಂದನಂತೆ.

ಅವರು ಬರುತ್ತಿದ್ದರು, ಹೋಗುತ್ತಿದ್ದರು. ಬಂದರೆ ಹತ್ತು ದಿನ ಇರುತ್ತಿದ್ದರು. ಒಲೆಯ ಪಕ್ಕ ಕ್ಯಾಮೆರಾ, ಹಿತ್ತಿಲಲ್ಲಿ ಕ್ಯಾಮೆರಾ, ಟ್ಯಾಂಕರಿನ ಮೇಲೆ ಕ್ಯಾಮೆರಾ. ಮೇಡಂ ಹೇಳಿದ್ದು ನಿಜವಾಯಿತು. ಅವ್ವ ಮರೆತಳು. ಅಪ್ಪ ಮರೆತ. ಬೆನಕಪ್ಪನೂ ಮರೆತ. ನಾನು ಮಾತ್ರ ಮರೆಯಲಿಲ್ಲ. ಅವರು ಬಂದರೆ ಮುಖಕ್ಕೆ ದುಪಟ್ಟಾ ಸುತ್ತಿಕೊಳ್ಳುತ್ತಿದ್ದೆ. ನಾನು ಬಸ್ಸಿಗೆ ಹೋಗುವಾಗ ಹಿಂದೆ ಬರಬೇಡಿ, ಕಾಲೇಜಿನ ಹತ್ತಿರ ಸುಳಿಯಬೇಡಿ ಎಂದು ಹೇಳಿದ್ದೆ. ಅವರು ಆ ಮಾತು ಉಳಿಸಿಕೊಂಡರು. ಆದರೆ ಮನೆಯೊಳಗೆ ಎಷ್ಟು ಹೊತ್ತು ಮುಖ ಮುಚ್ಚಿಕೊಂಡಿರಲಿ? ಉಣ್ಣುವಾಗ ದುಪಟ್ಟಾ ತೆಗೆಯಲೇಬೇಕಾಗಿತ್ತು.

ಫೆಬ್ರವರಿಯಲ್ಲಿ ಒಂದು ದಿನ ಅಪ್ಪ ಮನೆಗೆ ಬಂದು ಹಿತ್ತಿಲಲ್ಲಿ ಮೂರು ಸಲ ವಾಂತಿ ಮಾಡಿಕೊಂಡ. ಕಣ್ಣು ಕೆಂಡದಂತೆ ಕೆಂಪಾಗಿದ್ದವು. ಸಾಹುಕಾರ ಗುರುಪ್ರಕಾಶರ ಕಲ್ಯಾಣ ಮಂಟಪದ ಗುಂಡಿಗೆ ಇಳಿದಿದ್ದ. ಮೇಘನಾ ಮೇಡಂ ಬಾಗಿಲ ಬಳಿ ನಿಂತಿದ್ದರು. ನಾನು ಅವರನ್ನು ಕೇಳಿದೆ.

“ನೀವು ಅಲ್ಲೇ ಇದ್ರಾ?”

“ಇದ್ದೆವು.”

“ಇಳೀಬೇಡಿ ಅನ್ಲಿಲ್ವಾ?”

“ನಾವು ಮಧ್ಯೆ ಹೋಗಬಾರದು ರಮ್ಯಾ. ಹೋದರೆ ಅವರ ಬದುಕು ಇದ್ದ ಹಾಗೆ ಕಾಣಲ್ಲ,” ಎಂದರು.

“ಸತ್ತಿದ್ರೆ?”

ಮಾರನೆಯ ವಾರ ಅವರು ಬೆಂಗಳೂರಿಗೆ ಹೋದರು.

ಮೇ ತಿಂಗಳ ಒಂದು ಗುರುವಾರ. ಹನ್ನೊಂದು ಗಂಟೆ ಇರಬಹುದು. ರವಿ ಚಿಕ್ಕಪ್ಪ ಟ್ರ್ಯಾಕ್ಟರ್ ಇಲ್ಲದೆ ನಡೆದು ಬಂದ. ಅವ್ವ ಅಕ್ಕಿ ಕೇರುತ್ತಿದ್ದಳು. ಚಿಕ್ಕಪ್ಪ ಅಂಗಳದಲ್ಲಿ ನಿಂತು, “ಅತ್ತಿಗೆ,” ಎಂದ. ಮತ್ತೆ, “ಅತ್ತಿಗೆ,” ಎಂದ. ಆಮೇಲೆ ಅಲ್ಲೇ ನೆಲದ ಮೇಲೆ ಕೂತುಬಿಟ್ಟ. ಅವ್ವ ಮೊರವನ್ನು ಕೆಳಗಿಟ್ಟಳು. ಕೇಳುವುದು ಏನೂ ಇರಲಿಲ್ಲ.

ಅದೇ ಮಂಟಪ. ಅದೇ ಗುಂಡಿ. ಮಾರನೆಯ ದಿನ ದೊಡ್ಡ ಮದುವೆ.

ಆಸ್ಪತ್ರೆಯಲ್ಲಿ ಅಪ್ಪನನ್ನು ಉದ್ದಕ್ಕೆ ಮಲಗಿಸಿದ್ದರು. ಮೈ ತೊಳೆದಿದ್ದರು. ತಲೆ ಬಾಚಿದ್ದರು. ಹೊಸ ಲುಂಗಿ ಉಡಿಸಿದ್ದರು, ಮಡಿಕೆಯ ಗೆರೆ ಇನ್ನೂ ಇತ್ತು. ಬೆನಕಪ್ಪ ಗೋಡೆಗೆ ಒರಗಿ ನಿಂತಿದ್ದ. “ಕುಡಿದಿದ್ದ ಕಣಮ್ಮ. ದಾರ್ಯಾಗೆ ಹೋಗ್ತಾ ಕಾಲು ಜಾರಿ ಬಿದ್ದಾನೆ. ಗುಂಡಿ ಮುಚ್ಚಳ ಒಡೆದಿತ್ತು,” ಎಂದ. ಅವ್ವ ಅಪ್ಪನ ಬಲಗೈ ಎತ್ತಿದಳು. ಮೂಗಿನ ಹತ್ತಿರ ತಂದಳು. ಒಂದೊಂದೇ ಬೆರಳು ನೋಡಿದಳು.

“ಉಗುರಿನ ಸಂದಿ ತೊಳೆದಿಲ್ಲ,” ಎಂದಳು.

ಬೆನಕಪ್ಪ ಹೊರಗೆ ಹೋದ.

ಠಾಣೆಯ ಕಾಗದದಲ್ಲಿ ಬೆನಕಪ್ಪ ಹೇಳಿದ್ದೇ ಬರೆದಿತ್ತು. ಕುಡಿದ ಅಮಲಿನಲ್ಲಿ ಆಕಸ್ಮಿಕವಾಗಿ ಬಿದ್ದು ಮೃತಪಟ್ಟಿರುತ್ತಾನೆ. ಕಂಡವರು ಯಾರು ಎಂಬ ಜಾಗದಲ್ಲಿ ರವಿ ಚಿಕ್ಕಪ್ಪನ ಹೆಸರಿತ್ತು.

ನಮ್ಮ ಮಸಣಕ್ಕೆ ಹೋಗುವ ದಾರಿ ಮಂಟಪದ ಮುಂದೆ ಹಾದುಹೋಗುತ್ತದೆ. ಶುಕ್ರವಾರ ಅಪ್ಪನನ್ನು ಹೊತ್ತು ಹೊರಟೆವು. ಮಂಟಪಕ್ಕೆ ಇನ್ನೂ ದೂರವಿರುವಾಗಲೇ ಇಬ್ಬರು ಬಂದು ಅಡ್ಡ ನಿಂತರು. “ಒಳಗೆ ಧಾರೆ ನಡೀತೈತೆ. ಈ ಕಡೆ ಬರಬ್ಯಾಡ್ರಿ,” ಎಂದರು. ಒಳಗಿನಿಂದ ಓಲಗ ಕೇಳುತ್ತಿತ್ತು. ಕೆರೆ ಏರಿಯ ಮೇಲೆ ಸುತ್ತಿಕೊಂಡು ಹೋದೆವು. ಏರಿ ಕಿರಿದು. ಹೊತ್ತವರು ಒಬ್ಬರ ಹಿಂದೆ ಒಬ್ಬರು ನಡೆಯಬೇಕಾಯಿತು. ಎರಡು ಸಲ ಅಪ್ಪ ವಾಲಿದ. ಸಾವಿರ ಜನ ಉಂಡು ಕೈ ತೊಳೆಯಲು ಅಪ್ಪ ಗುಂಡಿಗೆ ಇಳಿದಿದ್ದ. ಆ ಸಾವಿರ ಜನಕ್ಕೆ ಅವನ ಹೆಣ ಕಾಣಬಾರದಿತ್ತು.

ಒಂಬತ್ತನೆಯ ದಿನ ಮೇಘನಾ ಮೇಡಂ ಬಂದರು. ನೆಲದ ಮೇಲೆ ಕೂತು ಅತ್ತರು. ಅವ್ವ ಅಳಲಿಲ್ಲ. ನನಗೆ ಅವರ ಅಳು ಕಂಡು ಸಿಟ್ಟು ಬಂತು. ಆಮೇಲೆ ಅವರು ಲ್ಯಾಪ್‌ಟಾಪ್ ತೆಗೆದರು.

“ಫೆಬ್ರವರಿಯಲ್ಲಿ ಮಂಟಪದಲ್ಲಿ ತೆಗೆದದ್ದು ಇದೆ. ಬೆನಕಪ್ಪ ಇಳಿ ಅಂತ ಹೇಳಿದ್ದು ಅದರಲ್ಲಿದೆ. ಸತ್ತ ದಿನದ್ದಲ್ಲ. ಆದರೆ ಇಳಿಸ್ತಿದ್ರು ಅನ್ನೋಕೆ ಇದೊಂದೇ ಸಾಕ್ಷಿ. ನೋಡ್ತೀರಾ? ಬೇಡ ಅಂದ್ರೆ ಬೇಡ.”

“ಹಾಕು,” ಎಂದಳು ಅವ್ವ.

ಅಪ್ಪ ಬಂದ. ಮೈಗೆ ಎಣ್ಣೆ ಬಳಿದುಕೊಳ್ಳುತ್ತಿದ್ದ. ಅವ್ವ ಪರದೆಗೆ ಹತ್ತಿರ ಸರಿದಳು. ಕಾಗದಕ್ಕೆ ಬೆಂಕಿ ಹಚ್ಚಿ, ದಾರ ಕಟ್ಟಿ, ಅಪ್ಪ ಗುಂಡಿಯೊಳಗೆ ಇಳಿಬಿಟ್ಟ. ಒಳಗೆ ವಿಷಗಾಳಿ ಇದ್ದರೆ ಬೆಂಕಿ ಆರುತ್ತದೆ. ಆರಿತು.

“ಅಣ್ಣ, ಆರಿತು ನೋಡು,” ಎಂದ ಅಪ್ಪ.

“ಗಾಳಿಗೆ ಆರೈತೆ. ಇಳಿ,” ಎಂಬ ಬೆನಕಪ್ಪನ ದನಿ. ಆಮೇಲೆ ಅವನ ಮುಖವೂ ಬಂತು.

“ಒಂದ್ ದಿನ ಗುಂಡಿ ಬಾಯಿ ತೆಗೆದಿಟ್ರೆ ಗಾಳಿ ಹೋಗ್ತಿತ್ತು.”

“ನಾಳೆ ಮದ್ವಿ ಐತಲೋ. ಹೇಲಿನ ಪಕ್ಕ ಕುಂತು ಊಟ ಮಾಡ್ತಾರಾ ಜನ? ಇಳಿ.”

ದೂರದಲ್ಲಿ ಗುರುಪ್ರಕಾಶ್ ಮೂಗಿಗೆ ಕರವಸ್ತ್ರ ಹಿಡಿದು ನಿಂತಿದ್ದರು. “ಲಗೂ ಮುಗಿಸ್ರೋ,” ಎಂದರು. ಅಪ್ಪ ಇಳಿದ. ಆಮೇಲೆ ಪರದೆಯ ಮೇಲೆ ಬರೀ ಹಗ್ಗ. ಹಗ್ಗ ಅಲುಗುತ್ತಿತ್ತು. ಬಕೀಟು ಮೇಲೆ ಬರುತ್ತಿತ್ತು, ಕೆಳಗೆ ಹೋಗುತ್ತಿತ್ತು. ಅಪ್ಪನ ಕೆಮ್ಮು. ಮೇಡಂ ಅಲ್ಲೇ ಇದ್ದರು, ಅರುಣ ಅಲ್ಲೇ ಇದ್ದರು, ಹಗ್ಗದ ಚಿತ್ರ ತೆಗೆಯುತ್ತಿದ್ದರು.

ಮೇಡಂ ನಿಲ್ಲಿಸಲು ಕೈ ಚಾಚಿದರು. “ಇನ್ನೂ ಐತಲ್ಲ. ಬಿಡು,” ಎಂದಳು ಅವ್ವ.

ಮುಂದಿನದು ನಮ್ಮ ಮನೆ. ಸಂಜೆ. ಮೂವರೂ ಉಣ್ಣಲು ಕೂತಿದ್ದೇವೆ. ಅಪ್ಪನ ಕೈಯಲ್ಲಿ ಚಮಚ. ನಾನು ಒಂದು ತುತ್ತು ತಿಂದು, ಮೂಗು ಮುರಿದು, ತಟ್ಟೆ ಎತ್ತಿಕೊಂಡು ಹೊರಗೆ ಹೋದೆ. ಅಷ್ಟು ನನಗೆ ಗೊತ್ತಿತ್ತು. ಅದು ಒಂದು ದಿನದ್ದಲ್ಲ, ಎಷ್ಟೋ ದಿನದ್ದು. ಹೋದ ಮೇಲೆ ಏನಾಗುತ್ತಿತ್ತು ಎಂಬುದು ಗೊತ್ತಿರಲಿಲ್ಲ. ಕ್ಯಾಮೆರಾ ನನ್ನ ಹಿಂದೆ ಬಂದಿರಲಿಲ್ಲ, ಅಲ್ಲೇ ಉಳಿದಿತ್ತು. ಅಪ್ಪ ಬಾಗಿಲನ್ನು ನೋಡಿದ. ಚಮಚ ಕೆಳಗಿಟ್ಟ. ಅಂಗೈಯನ್ನು ಮೂಗಿಗೆ ಹಿಡಿದು ಮೂಸಿದ. ಲುಂಗಿಗೆ ಒರೆಸಿಕೊಂಡ. ಮತ್ತೆ ಮೂಸಿದ. ಆಮೇಲೆ ತನ್ನ ತಟ್ಟೆಯನ್ನು ಮೂಲೆಗೆ ಜರುಗಿಸಿ, ಗೋಡೆ ಕಡೆ ತಿರುಗಿ ಕೂತು ಉಂಡ.

ನಾನು ಎದ್ದು ಹಿತ್ತಿಲಿಗೆ ಹೋದೆ. ಅಪ್ಪ ಕೂರುತ್ತಿದ್ದ ಕಲ್ಲಿನ ಹತ್ತಿರ ಹೋಗದೆ ಗೋಡೆಯ ಪಕ್ಕ ನಿಂತೆ.

ಅವ್ವ ಮೇಡಮ್ಮಿಗೆ ಹೇಳಿದ್ದು ಒಳಗಿನಿಂದ ಕೇಳಿಸಿತು. “ತೋರ್ಸು. ಎಲ್ಲಾರ್ಗೂ ತೋರ್ಸು.”

ಮೇಡಂ ಪರಿಚಯದ ಸಂಘಟನೆಯೊಂದರ ವಕೀಲರು ದೂರು ಬರೆದು ಮೇಲಿನ ಕಚೇರಿಗೆ ಕೊಟ್ಟರು. ಶಿಕಾರಿಪುರದಲ್ಲಿ ಒಂದು ಸಭೆ ಮಾಡಿ ಅಷ್ಟು ಭಾಗವನ್ನು ತೋರಿಸಿದರು. ಯಾರೋ ಮೊಬೈಲಿನಲ್ಲಿ ಹಿಡಿದರು. ಎರಡೇ ದಿನಕ್ಕೆ ಅದು ಎಲ್ಲರ ಕೈಗೆ ಹೋಯಿತು. ಕಾಲೇಜಿಗೂ ಬಂತು.

ಗಂಗಾಶ್ರೀ ನನ್ನ ಗೆಳತಿ. ಬಸ್ಸಿನಲ್ಲಿ ದಿನವೂ ಜೊತೆಗೆ ಕೂರುತ್ತಿದ್ದೆವು. ಗುರುಪ್ರಕಾಶರ ತಮ್ಮನ ಮಗಳು. ಅವಳ ಮನೆಯ ತಿಂಡಿ ನಾನು ತಿಂದಿದ್ದೆ, ನನ್ನ ಮನೆ ಎಲ್ಲಿ ಎಂದು ಮಾತ್ರ ಹೇಳಿರಲಿಲ್ಲ. ಆ ದಿನ ಅವಳು ಪಕ್ಕದಲ್ಲಿ ಕೂತು ಬಹಳ ಹೊತ್ತು ಕಿಟಕಿ ನೋಡಿದಳು. ಆಮೇಲೆ ಮೆಲ್ಲಗೆ ಕೇಳಿದಳು.

“ನೀನು ತಟ್ಟೆ ತಗೊಂಡು ಎದ್ದು ಹೋದಿಯಲ್ಲ. ಅದು ಅವರು ಹೇಳ್ಕೊಟ್ಟಿದ್ದಾ?”

“ಹೂಂ. ಹೇಳ್ಕೊಟ್ಟಿದ್ದು,” ಎಂದೆ.

ಬಾಯಿಂದ ಸಲೀಸಾಗಿ ಬಂತು. ಎದೆಯ ಮೇಲಿನ ಕಲ್ಲು ಒಂದು ಕ್ಷಣ ಇಳಿದಂತಾಯಿತು. ಅಂಥ ಮಗಳು ನಾನಲ್ಲ, ಅದು ಸಿನಿಮಾದ ಹುಡುಗಿ.

ವಾರದೊಳಗೆ ಬೆನಕಪ್ಪ, ಗುರುಪ್ರಕಾಶ್ ಇಬ್ಬರೂ ಕಾಲೋನಿಗೆ ಬಂದರು. ಜೊತೆಗೆ ರವಿ ಚಿಕ್ಕಪ್ಪ. ಗುರುಪ್ರಕಾಶ್ ಕಾರಿನಿಂದ ಇಳಿಯಲಿಲ್ಲ. ಗಾಜು ಇಳಿಸಿ ಕೂತಿದ್ದರು. ಬೆನಕಪ್ಪ ಅಂಗಳದ ಆಚೆ ನಿಂತು ಕಾಗದವನ್ನು ಚಿಕ್ಕಪ್ಪನ ಕೈಗೆ ಕೊಟ್ಟ. ಚಿಕ್ಕಪ್ಪ ಅದನ್ನು ನನ್ನ ಕೈಗೆ ಕೊಟ್ಟ. ಅವ್ವ, “ಓದು,” ಎಂದಳು.

ಓದಿದೆ. ‘ಸದರಿ ಚಿತ್ರದಲ್ಲಿ ತೋರಿಸಿರುವುದೆಲ್ಲವೂ ನಟನೆ. ಚಿತ್ರದವರು ಹೇಳಿಕೊಟ್ಟಂತೆ ನನ್ನ ಗಂಡನೂ ನಾನೂ ನನ್ನ ಮಗಳೂ ನಟಿಸಿರುತ್ತೇವೆ. ಗುಂಡಿಯಲ್ಲಿ ಇದ್ದದ್ದು ಕೆಸರು ನೀರು. ನನ್ನ ಗಂಡನನ್ನು ಯಾರೂ ಯಾವತ್ತೂ ಗುಂಡಿಗೆ ಇಳಿಸಿರುವುದಿಲ್ಲ.’ ಕೆಳಗೆ ಹೆಬ್ಬೆಟ್ಟಿಗೆ ಜಾಗ ಬಿಟ್ಟಿದ್ದರು. ಚಿಕ್ಕಪ್ಪನದು ಬೇರೆ ಕಾಗದ, ಅವನು ಆಗಲೇ ಸಹಿ ಹಾಕಿದ್ದ.

“ಸೋಮವಾರ ವಿಚಾರಣೆ ಐತೆ. ಇದೊಂದು ಕೊಟ್ಬಿಡ್ರಿ, ಮುಗೀತು,” ಎಂದ ಬೆನಕಪ್ಪ. “ನಿಂಗೆ ಮಂಟಪದಾಗೆ ಪಾತ್ರೆ ತೊಳೆಯೋ ಕೆಲಸ. ಮಗಳಿಗೆ ಸಾಹುಕಾರ್ರ ಅಂಗಡ್ಯಾಗೆ ಕಂಪ್ಯೂಟರ್ ಕೆಲಸ. ಸತ್ತೋನು ಎದ್ದು ಬರ್ತಾನಾ?”

“ಎಲ್ಲಿ ಸತ್ತ ಅಂತ ಹೇಳು ಮೊದ್ಲು,” ಎಂದಳು ಅವ್ವ.

“ಹನುಮಮ್ಮ, ಈ ಕಾಲೋನಿ ನೀರಿನ ಪೈಪು ನನ್ ಹೊಲ್ದ ಮ್ಯಾಲೆ ಬರ್ತೈತೆ. ನೆನಪಿರ್ಲಿ,” ಎಂದ ಬೆನಕಪ್ಪ.

ನಾನು ಕಾಗದವನ್ನೇ ನೋಡುತ್ತಿದ್ದೆ. ‘ನನ್ನ ಮಗಳೂ ನಟಿಸಿರುತ್ತೇವೆ.’ ಈ ಸಾಲು ನಿಜವಾಗಿಬಿಟ್ಟರೆ ಎಂದು ಒಂದು ಗಳಿಗೆ ಅನ್ನಿಸಿತು. ಅವ್ವ ಇದರ ಮೇಲೆ ಹೆಬ್ಬೆಟ್ಟು ಒತ್ತಿದರೆ, ನಾನು ತಟ್ಟೆ ಎತ್ತಿಕೊಂಡು ಹೋದದ್ದೂ ನಟನೆಯಾಗುತ್ತದೆ. ಅಪ್ಪ ಕೈ ಮೂಸಿ ನೋಡಿದ್ದೂ ನಟನೆಯಾಗುತ್ತದೆ. ಅಪ್ಪನಿಗೆ ಏನೂ ನೋವಾಗಿಲ್ಲ ಎಂದಾಗುತ್ತದೆ. ಅಂಥ ಆಸೆ ನನಗಾಯಿತು. ಸುಳ್ಳು ಹೇಳುವುದಿಲ್ಲ.

ಅವ್ವ ನನ್ನ ಕೈಯಿಂದ ಕಾಗದ ತೆಗೆದುಕೊಂಡು ಚಿಕ್ಕಪ್ಪನಿಗೆ ವಾಪಸು ಕೊಟ್ಟಳು. “ಏನ್ ಹೇಳದೋ ಸೋಮವಾರ ಅಲ್ಲೇ ಹೇಳ್ತೀನಿ.” ಚಿಕ್ಕಪ್ಪ ಅವಳ ಮುಖ ನೋಡಲಿಲ್ಲ.

ಮಾರನೆಯ ದಿನ ನಲ್ಲಿಯಲ್ಲಿ ನೀರು ಬರಲಿಲ್ಲ. ಹದಿನೇಳು ಮನೆಗೂ. ಕೆರೆಯಿಂದ ಹೊತ್ತೆವು. ಎರಡು ದಿನಕ್ಕೆ ಪಕ್ಕದ ಮನೆಯ ವನಜಮ್ಮ ಬಂದು, “ಒಂದು ಹೆಬ್ಬೆಟ್ಟಿಗೆ ಇಷ್ಟು ಜನ ಸಾಯ್ಬೇಕಾ?” ಎಂದಳು. ಅವ್ವ ಕೊಡ ಎತ್ತಿಕೊಂಡು ಮತ್ತೆ ಕೆರೆಗೆ ಹೋದಳು. ತಂದ ಕೊಡವನ್ನು ವನಜಮ್ಮನ ಹಂಡೆಗೆ ಸುರಿದಳು.

ಸೋಮವಾರ ಶಿಕಾರಿಪುರದಲ್ಲಿ ವಿಚಾರಣೆ. ಒಂದು ಉದ್ದ ಕೋಣೆ. ಮೇಜಿನ ಆಚೆ ವಿಚಾರಣೆಗೆ ಬಂದ ಸಾಹೇಬರು, ಪಕ್ಕದಲ್ಲಿ ಬರೆದುಕೊಳ್ಳುವ ಗುಮಾಸ್ತ. ಬೆನಕಪ್ಪ, ಗುರುಪ್ರಕಾಶರಿಗೆ ಕುರ್ಚಿ ಇತ್ತು. ನಾವು ನಿಂತಿದ್ದೆವು. ಗೋಡೆಯ ಟಿವಿಯಲ್ಲಿ ಅದನ್ನು ಹಾಕಿದರು. ಅಪ್ಪ ಮತ್ತೆ ಇಳಿದ. ಮತ್ತೆ ಹಗ್ಗ. ನಾನು ಮತ್ತೆ ತಟ್ಟೆ ಎತ್ತಿಕೊಂಡು ಹೋದೆ.

ಸಾಹೇಬರು ಮೊದಲು ಮೇಡಮ್ಮನ್ನು ಕೇಳಿದರು. “ವಿಷಗಾಳಿ ಇದೆ ಅಂತ ನಿಮಗೂ ಗೊತ್ತಾಗಿದೆ. ಯಾಕೆ ತಡೀಲಿಲ್ಲ?”

“ತಡೀಬೇಕಾಗಿತ್ತು,” ಎಂದರು ಮೇಡಂ.

ಆಮೇಲೆ ರವಿ ಚಿಕ್ಕಪ್ಪ. ನೆಲ ನೋಡುತ್ತ, “ಅದು ನಟನೆ ಸ್ವಾಮಿ. ಕೆಸರು ನೀರು,” ಎಂದ.

ಅವ್ವನ ಸರದಿ ಬಂತು. “ಇದು ನಟನೆಯೇನಮ್ಮ?”

“ನಮ್ಮನೆಯೋರ್ಗೆ ನಟನೆ ಬರ್ತಿರ್ಲಿಲ್ರೀ ಸಾಹೇಬ್ರೇ. ಒಂದ್ಸಲ ಕೇರಿ ನಾಟಕದಾಗೆ ಬಾಗ್ಲು ಕಾಯೋ ಪಾಲ್ಟು ಕೊಟ್ಟಿದ್ರು. ಮಾತೂ ಇರ್ಲಿಲ್ಲ, ಸುಮ್ನೆ ನಿಂತಿರ್ಬೇಕು ಅಷ್ಟೇ. ನಗು ತಡಿಲಾರ್ದೆ ಓಡಿ ಬಂದ್ರು. ಬರ್ತಿದ್ದಿದ್ದು ಒಂದೇ ಕೆಲಸ. ಇಳಿಯದು.”

ಬೆನಕಪ್ಪನ ವಕೀಲ ಎದ್ದ. “ಸರ್, ತಾಯಿ ಓದಿದವರಲ್ಲ, ಯಾರೋ ತಲೆ ತುಂಬಿದ್ದಾರೆ. ಮಗಳು ಡಿಗ್ರಿ ಓದ್ತಿದ್ದಾಳೆ. ಎಲ್ಲ ಹೇಳ್ಕೊಟ್ಟಿದ್ದು ಅಂತ ಅವಳೇ ತನ್ನ ಗೆಳತಿ ಗಂಗಾಶ್ರೀಗೆ ಬಸ್ಸಿನಲ್ಲಿ ಹೇಳಿದ್ದಾಳೆ. ಆ ಹುಡುಗಿ ಬೇಕಾದರೆ ಬಂದು ಹೇಳ್ತಾಳೆ. ಮಗಳನ್ನೇ ಕೇಳಿ.”

ಅವ್ವ ನನ್ನ ಕಡೆ ತಿರುಗಿದಳು. ಅವಳಿಗೆ ಇದು ಗೊತ್ತಿರಲಿಲ್ಲ. ನಾನು ಬಸ್ಸಿನಲ್ಲಿ ಆಡಿದ ಎರಡು ಮಾತು ಅಲ್ಲಿಂದ ಇಲ್ಲಿಗೆ ಬಂದು ಅಪ್ಪನ ಮೇಲೆ ಕೂತಿತ್ತು.

“ಹೇಳಿದ್ದೀಯೇನಮ್ಮ?” ಎಂದರು ಸಾಹೇಬರು.

“ಹೇಳಿದ್ದೆ.”

ವಕೀಲ ಕೂತ. ಬೆನಕಪ್ಪ ಕಾಲ ಮೇಲೆ ಕಾಲು ಹಾಕಿದ.

“ಸುಳ್ಳು ಹೇಳಿದ್ದೆ,” ಎಂದೆ. “ಆ ತಟ್ಟೆ ಎತ್ತಿಕೊಂಡು ಹೋದವಳು ನಾನೇ. ಯಾರೂ ಹೇಳಿಕೊಟ್ಟಿಲ್ಲ. ಅಪ್ಪ ನಾರುತ್ತಿದ್ದ. ಅವನ ಪಕ್ಕ ಕೂತು ಉಣ್ಣೋಕೆ ನನಗೆ ಹೇಸಿಗೆ ಆಗ್ತಿತ್ತು. ಅದೊಂದೇ ದಿನ ಅಲ್ಲ, ಹೈಸ್ಕೂಲಿಂದ ಹಾಗೇ ಮಾಡ್ತಿದ್ದೆ. ಕಾಲೇಜಿನಲ್ಲಿ ಗೊತ್ತಾದರೆ ನಾಚಿಕೆ ಅಂತ ಗಂಗಾಶ್ರೀಗೆ ಸುಳ್ಳು ಹೇಳಿದೆ. ಕೆಸರು ನೀರು ಆಗಿದ್ರೆ ಅಪ್ಪ ಯಾಕೆ ನಾರುತ್ತಿದ್ದ ಸರ್? ಕೆಸರು ಗದ್ದೆಯಲ್ಲೂ ಇರುತ್ತೆ. ಗದ್ದೆಯಿಂದ ಬಂದವರ ಪಕ್ಕದಿಂದ ಯಾರು ತಟ್ಟೆ ಎತ್ತಿಕೊಂಡು ಹೋಗ್ತಾರೆ? ಅಪ್ಪ ನಾರುತ್ತಿದ್ದದ್ದು ಇವರು ಇಳಿಸಿದ್ದಕ್ಕೆ. ಇವರು ನಾರೋದಿಲ್ಲ, ಯಾಕಂದ್ರೆ ಅಪ್ಪ ನಾರುತ್ತಿದ್ದ.”

ಗುಮಾಸ್ತ ಬರೆಯುತ್ತ ನಿಲ್ಲಿಸಿದ.

“ದುರ್ವಾಸನೆ ಬರುತ್ತಿತ್ತು ಅಂತ ಹಾಕಲಾ ಸರ್?”

“ನಾರುತ್ತಿದ್ದ ಅಂತಲೇ ಬರೀರಿ,” ಎಂದೆ.

ಸಾಹೇಬರು ತಲೆ ಆಡಿಸಿದರು. ಗುಮಾಸ್ತ ಬರೆದ. ನಾನು ಕೆಳಗೆ ಸಹಿ ಹಾಕಿದೆ. ಅವ್ವ ಹೆಬ್ಬೆಟ್ಟು ಒತ್ತಿದಳು. ಹೊರಗೆ ಬಂದ ಮೇಲೆ ಬಸ್‌ಸ್ಟ್ಯಾಂಡಿನವರೆಗೂ ಅವ್ವ ನನಗಿಂತ ನಾಲ್ಕು ಹೆಜ್ಜೆ ಮುಂದೆ ನಡೆದಳು. ಬಸ್ಸಿನಲ್ಲಿ ಕೂತ ಮೇಲೆ, “ಅವ್ರಿಗೂ ಗೊತ್ತಿತ್ತು. ನೀನು ಯಾಕೆ ಹೊರಗೆ ಹೋಗ್ತೀಯಂತ,” ಎಂದಳು. “ಓದಾ ಹುಡುಗಿ, ಬಿಡು ಅಂತಿದ್ರು.” ಅಷ್ಟೇ. ಸಮಾಧಾನ ಮಾಡಲು ಹೇಳಿದ್ದಲ್ಲ. ಇದ್ದದ್ದು ಹೇಳಿದಳು. ನಾನು ಮುಖ ಮುಚ್ಚಿಕೊಂಡು ಅತ್ತೆ. ಕಂಡಕ್ಟರ್ ಟಿಕೆಟ್ ಕೇಳಲು ಬಂದವನು ಹಿಂದಿನ ಸೀಟಿಗೆ ಹೋದ.

ಇದಾಗಿ ಎರಡು ತಿಂಗಳಾಯಿತು. ಕಡತ ಮೇಲೆ ಹೋಗಿದೆ ಎನ್ನುತ್ತಾರೆ. ಬೆನಕಪ್ಪನನ್ನು ಯಾರೂ ಹಿಡಿದಿಲ್ಲ. ಟ್ಯಾಂಕರ್ ಓಡುತ್ತಿದೆ. ನಲ್ಲಿಯಲ್ಲಿ ನೀರಿಲ್ಲ. ಗಂಗಾಶ್ರೀ ಬೇರೆ ಬಸ್ಸಿಗೆ ಹೋಗುತ್ತಾಳೆ. ಮೇಡಂ ಫೋನ್ ಮಾಡುತ್ತಾರೆ. ಚಿತ್ರ ಇನ್ನೂ ಮುಗಿದಿಲ್ಲ ಎಂದರು. ಹೇಗೆ ಮುಗಿಸಬೇಕೋ ತಿಳಿಯುತ್ತಿಲ್ಲ ಎಂದರು.

ಅವ್ವ ಉಳವಿಯ ಕಡೆ ನಾಟಿಗೆ ಹೋಗುತ್ತಾಳೆ. ರಜೆಯಿದ್ದರೆ ನಾನೂ ಹೋಗುತ್ತೇನೆ. ಹೋದ ಶನಿವಾರ ಕೆಲಸ ಮುಗಿಸಿ ಬಸ್ಸಿನಲ್ಲಿ ಬರುತ್ತಿದ್ದೆವು. ಮೊಣಕಾಲವರೆಗೆ ಕೆಸರು ಒಣಗಿತ್ತು. ಸೊರಬದ ಈಚೆ ರಸ್ತೆಯ ಪಕ್ಕದಲ್ಲಿ ಒಂದು ಲಾಡ್ಜು. ಅದರ ಹಿಂದೆ ಟ್ಯಾಂಕರ್ ನಿಂತಿತ್ತು. ಅವ್ವ ಎದ್ದು, “ನಿಲ್ಲಿಸ್ರೀ,” ಎಂದಳು.

ಓಡಿದೆವು. ಗುಂಡಿಯ ಮೇಲಿನ ಚಪ್ಪಡಿಯನ್ನು ಅರ್ಧ ಸರಿಸಿದ್ದರು. ರವಿ ಚಿಕ್ಕಪ್ಪ ಚಡ್ಡಿಯಲ್ಲಿ ನಿಂತಿದ್ದ. ಮೈಯೆಲ್ಲ ಎಣ್ಣೆ. ಸೊಂಟಕ್ಕೆ ಹಗ್ಗ. ಅಪ್ಪ ಹೋದ ಮೇಲೆ ಅವನೇ ಇಳಿಯುತ್ತಿದ್ದ. ಹಗ್ಗ ಹಿಡಿಯಲು ಹೇಮಂತ್ ಎಂಬ ಹೊಸಬ. ಬೆನಕಪ್ಪ ಬೇಲಿಯ ಹತ್ತಿರ ಫೋನಿನಲ್ಲಿ ಮಾತಾಡುತ್ತಿದ್ದ.

ಅವ್ವ ಬಾಗಿ ಚಪ್ಪಡಿಗೆ ಕೈ ಹಾಕಿದಳು. ನಾನು ಇನ್ನೊಂದು ತುದಿಗೆ ಕೈ ಹಾಕಿದೆ. ದೂಡಿದೆವು. ಗುಂಡಿ ಮುಚ್ಚಿತು. ಅವ್ವ ಅದರ ಮೇಲೆ ಕಾಲು ಚಾಚಿ ಕೂತಳು. ನಾನು ಪಕ್ಕದಲ್ಲಿ ಕೂತೆ.

ಬೆನಕಪ್ಪ ಫೋನ್ ಇಟ್ಟು ಬಂದ. “ಏಳಮ್ಮ. ಇದು ನಿನ್ ಗಂಡ ಬಿದ್ದ ಗುಂಡಿ ಅಲ್ಲ.”

“ಬಿದ್ದಿಲ್ಲ. ನೀನು ಇಳಿಸಿದ್ದು.”

“ಏಳ್ತೀಯೋ ಇಲ್ಲೋ?”

“ಏಳಂಗಿಲ್ಲ. ಕೈ ಹಾಕಿ ಎಬ್ಬಿಸು.”

ಅವನು ಎರಡು ಹೆಜ್ಜೆ ಮುಂದೆ ಬಂದ. ಅಲ್ಲೇ ನಿಂತ. ಕೈ ಹಾಕಲಿಲ್ಲ. ಅವನು ನಮ್ಮನ್ನು ಯಾವತ್ತೂ ಮುಟ್ಟಿದವನಲ್ಲ. “ರವೀ, ನಿಮ್ಮೋಳಲ್ಲೇನೋ. ನೀನು ಎಬ್ಬಿಸೋ,” ಎಂದ.

ಚಿಕ್ಕಪ್ಪ ನಿಂತ ಕಡೆಯೇ ನಿಂತಿದ್ದ. ಗಡ್ಡದಿಂದ ಎಣ್ಣೆ ತೊಟ್ಟಿಕ್ಕುತ್ತಿತ್ತು. ಸಾರಾಯಿ ವಾಸನೆ ಬರುತ್ತಿತ್ತು.

“ಅತ್ತಿಗೆ, ಏಳು. ಇದೊಂದು ಮುಗಿಸಿ ಬಿಟ್ಬಿಡ್ತೀನಿ.”

“ಅವ್ರೂ ಹಂಗೇ ಅಂದಿದ್ರು,” ಎಂದಳು ಅವ್ವ.

ಬೆನಕಪ್ಪ ಬೈದ. ಪೊಲೀಸರನ್ನು ಕರೆಸುತ್ತೇನೆ ಎಂದ. ಫೋನ್ ತೆಗೆದ. ನಂಬರು ಒತ್ತದೆ ಮತ್ತೆ ಜೇಬಿಗಿಟ್ಟ. ಪೊಲೀಸರು ಬಂದರೆ ಎಣ್ಣೆ ಬಳಿದುಕೊಂಡು ನಿಂತ ಮನುಷ್ಯ ಕಾಣುತ್ತಿದ್ದ. ಲಾಡ್ಜಿನ ಕಿಟಕಿಗಳಲ್ಲಿ ಒಂದೆರಡು ತಲೆ ಕಂಡವು. ಬೆನಕಪ್ಪ ಕಾರು ಹತ್ತಿ, “ಬೇರೆಯೋರ್ನ ಕರ್ಕೊಂಡ್ ಬರ್ತೀನಿ. ಜನಕ್ಕೇನು ಬರವಾ?” ಎಂದು ಹೋದ. ಬರ ಇಲ್ಲ ಎಂಬುದು ನಮಗೂ ಗೊತ್ತಿತ್ತು.

ಬಿಸಿಲು ಇಳಿಯುತ್ತಿತ್ತು. ಹೇಮಂತ್ ಪೈಪು ಸುತ್ತತೊಡಗಿದ. ಚಿಕ್ಕಪ್ಪ ಸೊಂಟದ ಹಗ್ಗ ಬಿಚ್ಚಲು ನೋಡಿದ. ಎಣ್ಣೆಯ ಕೈಗೆ ಗಂಟು ಸಿಗಲಿಲ್ಲ. ಅವ್ವ ಕೂತಲ್ಲಿಂದಲೇ, “ಬಾ ಇಲ್ಲಿ,” ಎಂದಳು. ಅವನು ಬಂದು ಮುಂದೆ ಕೂತ. ಅವ್ವ ಹಲ್ಲಿನಿಂದ ಕಚ್ಚಿ ಗಂಟು ಸಡಿಲಿಸಿದಳು.

ಚಿಕ್ಕಪ್ಪ ಬಹಳ ಹೊತ್ತು ನೆಲ ಕೆದರುತ್ತಿದ್ದ. ಆಮೇಲೆ ನನ್ನ ಕಡೆ ನೋಡಿದ.

“ರಮ್ಯಾ, ಆ ಸಾಹೇಬ್ರು ಸೋಮವಾರ ಇರ್ತಾರಾ?”

“ಯಾಕೆ?”

“ನಂದೊಂದು ಸಹಿ ಐತಲ್ಲ ಅಲ್ಲಿ. ಸುಳ್ಳು ಸಹಿ ಅಂತ ಹೇಳ್ಬೇಕು.”

“ಇರ್ತಾರೆ,” ಎಂದೆ. ಇರುತ್ತಾರೋ ಇಲ್ಲವೋ ನನಗೆ ಗೊತ್ತಿರಲಿಲ್ಲ.